ಹಾಸಿಗೆ ಹಿಡಿದ ಹೆಂಡತಿ

ಒಂದು ಪೇಟೆಯಲ್ಲಿ ಬಟ್ಟೆ ಅಂಗಡಿಯ ಸಾಹುಕಾರನೊಬ್ಬನಿದ್ದ. ಯಾವ ಪೇಟೆ ಎಂದು ಕೇಳಬೇಡಿ. ಹೇಳಿದರೆ ಹಿಂದಿನ ಸಾಲಿನಲ್ಲಿ ಇಬ್ಬರು ಎದ್ದು ಹೋಗುತ್ತಾರೆ. ಅವನ ಹೆಂಡತಿ ಗಟ್ಟಿಗಿತ್ತಿ. ಬೆಳಗಾಗುತ್ತಲೇ ಹಿಟ್ಟು ರುಬ್ಬಿ, ಮಾಳಿಗೆ ಹತ್ತಿ ಹಪ್ಪಳ ಒಣಗಿಸಿ, ಗಂಡನಿಗೆ ಬಿಸಿ ತಿಂಡಿ ಕೊಡುವವಳು. ಸರಕು ನೋಡಲು ಎಂದು ಅವನು ವಾರಕ್ಕೊಮ್ಮೆ ಪಕ್ಕದ ಊರಿಗೆ ಹೊರಟರೆ, ಇಸ್ತ್ರಿ ಮಾಡಿದ ಅಂಗಿಯನ್ನೂ ಅವಳೇ ತೆಗೆದಿಡುತ್ತಿದ್ದಳು. ನಂಬಿಕೆ ಎಂದರೆ ಅದು, ನೋಡಿ.

ಒಂದು ಮಧ್ಯಾಹ್ನ ಬಾಗಿಲಲ್ಲಿ ಒಬ್ಬ ಹೆಂಗಸು ನಿಂತಿದ್ದಳು. ಒಂದು ಕೈಯಲ್ಲಿ ಮೋಸಂಬಿ, ಇನ್ನೊಂದರಲ್ಲಿ ನೋವಿನೆಣ್ಣೆಯ ಬಾಟಲಿ.

"ಸಾಹುಕಾರ್ರ ಹೆಂಡ್ತಿನ ನೋಡ್ಕೊಂಡು ಹೋಗೋಣ ಅಂತ ಬಂದೆ ಅಕ್ಕ. ಎರಡು ವರ್ಷದಿಂದ ಹಾಸಿಗೆ ಹಿಡಿದಿದಾರಂತೆ, ಪಾಪ. ಮಾತೂ ನಿಂತೋಗಿದೆಯಂತೆ."

"ಯಾರು ಹೇಳಿದ್ರಮ್ಮ?"

"ಅವರೇ. ವಾರ ವಾರ ನಮ್ಮನೆಗೆ ಬಂದು, ಅದನ್ನೇ ಹೇಳ್ಕೊಂಡು ಅಳ್ತಾರೆ."

ವಾರ ವಾರ. ಹೆಂಡತಿಗೆ ಎಲ್ಲವೂ ತಿಳಿಯಿತು. ಕೈಗೆ ಅಂಟಿದ್ದ ಹಪ್ಪಳದ ಹಿಟ್ಟನ್ನು ಸೆರಗಿಗೆ ಒರೆಸಿಕೊಂಡು, "ಒಳಗೆ ಬಾ. ಆ ಹೆಂಡ್ತಿ ನಾನೇ" ಎಂದಳು.

ನಗುತ್ತಿದ್ದೀರಿ. ನಗಿ. ಆದರೆ ಅವಳ ಜಾಗದಲ್ಲಿ ಒಂದು ಕ್ಷಣ ನಿಂತು ನೋಡಿ. ಗಂಡ ಇನ್ನೊಬ್ಬಳ ಬಳಿ ಹೋದದ್ದು ಒಂದು ಗಾಯ. ಹೋಗುವುದಕ್ಕಾಗಿ, ಓಡಾಡಿಕೊಂಡಿದ್ದ ಇವಳನ್ನು ಹಾಸಿಗೆಗೆ ಕೆಡವಿದನಲ್ಲ, ಅದು ಯಾವ ಎಣ್ಣೆಗೆ ವಾಸಿಯಾಗುತ್ತದೆ?

ಊಟಕ್ಕೆ ಬಂದ ಸಾಹುಕಾರ ಇಬ್ಬರನ್ನೂ ನಡುಮನೆಯಲ್ಲಿ ಕಂಡು ಹೊಸ್ತಿಲಲ್ಲೇ ನಿಂತ. "ನನಗೂ ಸುಳ್ಳೇ ಹೇಳಿದ್ರಲ್ಲ" ಎಂದು ಬಂದವಳು ಎದ್ದು ಹೋದಳು; ಮತ್ತೆಂದೂ ಅವನಿಗೆ ಬಾಗಿಲು ತೆರೆಯಲಿಲ್ಲ. ಹೆಂಡತಿ ಕೂಗಾಡಲಿಲ್ಲ. ತಪ್ಪಾಯ್ತು ಎಂದು ಅವನು ಅಂಗಲಾಚಿದಾಗ ಕೇಳಿದ್ದು ಒಂದೇ ಮಾತು: "ಇದಾದ್ರೂ ನಿಜಾನಾ ಅಂತ ನಂಗೆ ಹೆಂಗ್ರೀ ಗೊತ್ತಾಗ್ಬೇಕು?"

ಅಲ್ಲಿಂದ ಶುರುವಾಯಿತು. ಅವನು ಮೋಡ ಕವಿದಿದೆ ಎಂದರೆ ಅವಳು ಕಿಟಕಿಗೆ ಹೋಗಿ ನೋಡುವಳು. ಜ್ವರ ಎಂದರೆ ಹಣೆ ಮುಟ್ಟಿ ನೋಡುವಳು. ಮಗಳಿಗೆ ಸಂಬಂಧ ಬಂದಾಗ, "ಹುಡುಗ ಒಳ್ಳೆಯವನು, ನಾನೇ ವಿಚಾರಿಸಿದೀನಿ" ಎಂದ. "ನೀವು ಬೇಡಪ್ಪ, ಅಮ್ಮ ವಿಚಾರಿಸ್ಲಿ" ಎಂದುಬಿಟ್ಟಳು ಮಗಳು. ಅಂದು ಅವನು ಅಂಗಡಿಯ ಬಟ್ಟೆ ರಾಶಿಯ ಹಿಂದೆ ಕೂತು ಅತ್ತ. ಈ ಸಲ ನಿಜವಾದ ಅಳು. ನಂಬುವವರು ಮಾತ್ರ ಒಬ್ಬರೂ ಇರಲಿಲ್ಲ.

ಆಮೇಲೆ ಹೋಗುವ ಜಾಗ ಹೇಳಿ ಹೋದ, ಹೇಳಿದ ಹೊತ್ತಿಗೆ ಬಂದ. ಒಂದು ವರ್ಷ ಹೋಯಿತು, ಎರಡು ಹೋಯಿತು. ಮೂರನೆಯ ವರ್ಷ ಒಂದು ಸಂಜೆ ಫೋನ್ ಮಾಡಿ, "ಅರ್ಧ ಗಂಟೆ ತಡ ಆಗುತ್ತೆ ಕಣೆ" ಎಂದ.

"ಹೂಂ, ಬನ್ನಿ" ಎಂದು ಅವಳು ಫೋನಿಟ್ಟಳು. ಅಂಗಡಿಯವರನ್ನು ಕೇಳಿ ಖಾತ್ರಿ ಮಾಡಿಕೊಳ್ಳಲಿಲ್ಲ. ಅಷ್ಟೇ. ಅಷ್ಟು ಮರಳಿ ಸಿಗಲು ಮೂರು ವರ್ಷ ಬೇಕಾಯಿತು.

ಈಗ ನಿಮ್ಮ ವಿಷಯಕ್ಕೆ ಬರೋಣ. ಫೋನ್ ಬಂದೊಡನೆ ಎದ್ದು ಹಿತ್ತಲಿಗೆ ನಡೆಯುತ್ತೀರಲ್ಲ, ಹಿತ್ತಲಲ್ಲಿ ಅಂಥ ಕೆಲಸವೇನಿದೆ? ಇವತ್ತಿನಿಂದ ನಡುಮನೆಯಲ್ಲೇ ಕೂತು ಮಾತಾಡಿ. ಎಲ್ಲಿದ್ದೆ, ಯಾರ ಜೊತೆ ಇದ್ದೆ ಎಂದು ಕೇಳುವ ಮೊದಲೇ ಹೇಳಿ. ಅಮ್ಮಂದಿರೇ, ಗಂಡನ ಕಡೆ ತಿರುಗಿ ನೋಡಬೇಡಿ, ನಿಮಗೂ ಇದೇ ಮಾತು. ಮನೆಯಲ್ಲಿ ಹೇಳಲಾಗದಂಥದ್ದು ಏನಾದರೂ ನಡೆಯುತ್ತಿದ್ದರೆ, ಚೆನ್ನಾಗಿ ಮುಚ್ಚಿಡುವುದನ್ನು ಕಲಿಯಬೇಡಿ. ಅದನ್ನು ಮಾಡುವುದನ್ನೇ ಬಿಟ್ಟುಬಿಡಿ.