ಏಣಿಯ ಐದನೇ ಮೆಟ್ಟಿಲು

ಏಳನೇ ತರಗತಿಯಲ್ಲಿ ನನಗೆ ಭೂಗೋಳ ಕಲಿಸಿ, ನಕ್ಷೆ ನೆಟ್ಟಗೆ ಬರೆಯಲಿಲ್ಲವೆಂದು ಬಾಗಿಲ ಹೊರಗೆ ನಿಲ್ಲಿಸಿದ್ದ, ಇಂದಿನ ಸಭೆಯ ಅಧ್ಯಕ್ಷರಾದ ನಮ್ಮ ಮೇಷ್ಟ್ರೇ, ಈ ಸಮಾರಂಭವನ್ನು ಏರ್ಪಡಿಸಿರುವ ವಾಚನಾಲಯದ ಕಾರ್ಯದರ್ಶಿಗಳೇ, ಮುಖ್ಯ ಅತಿಥಿಗಳೇ, ನನ್ನನ್ನು ಲಂಗ ಹಾಕಿಕೊಂಡ ಕಾಲದಿಂದ ಬಲ್ಲ ವಾಟರ್‌ವರ್ಕ್ಸ್ ಕ್ವಾರ್ಟರ್ಸಿನ ಹಿರಿಯರೇ, ಮುಂದಿನ ಎರಡು ಸಾಲುಗಳನ್ನು ವಶಪಡಿಸಿಕೊಂಡಿರುವ ಮಕ್ಕಳೇ, "ಆಟ ಸಾಕು, ಓದ್ಕೋ" ಎಂದು ದಿನವೂ ಗದರಿ, ಇವತ್ತು ಅದೇ ಆಟದ ಸಭೆಗೆ ಮಕ್ಕಳನ್ನು ಕೈಹಿಡಿದು ಕರೆತಂದಿರುವ ತಾಯ್ತಂದೆಯರೇ, ಸಭಿಕರೇ,

ನನ್ನನ್ನು ಪರಿಚಯಿಸಿದವರು "ಒಂದು ಜಗತ್ತನ್ನೇ ಸೃಷ್ಟಿಸಿದವರು" ಎಂದುಬಿಟ್ಟರು. ಅಷ್ಟು ದೊಡ್ಡ ಮಾತು ಬೇಡ. ಅದು ಕಂಪ್ಯೂಟರಿನಲ್ಲಿ ಆಡುವ ಒಂದು ಆಟ, ಅದರೊಳಗಿನ ಜಗತ್ತನ್ನು ಕಟ್ಟಿದವರು ನೂರಾ ಎಂಬತ್ತು ಜನ. ಅದರಲ್ಲಿ ಒಬ್ಬಾತ ಮೂರು ವರ್ಷ ಬರೀ ಹುಲ್ಲು ಮಾಡಿದ, ಈಗ ಅವನಿಗೆ ಹಸು ಕಂಡರೆ ಸಿಟ್ಟು ಬರುತ್ತದಂತೆ. ನನ್ನ ಕೆಲಸ ಇಷ್ಟೇ: ಗುಡ್ಡ ಎಲ್ಲಿರಬೇಕು, ಹೊಳೆ ಎಲ್ಲಿ ಹರಿಯಬೇಕು, ದಾರಿ ಎಲ್ಲಿ ತಿರುಗಬೇಕು, ಆ ತಿರುವಿನಲ್ಲಿ ನಿಂತವರಿಗೆ ಏನು ಕಾಣಬೇಕು. ಆಫೀಸಿನಲ್ಲಿ ನನಗೆ 'ಬೇಲಿ ಮೇಡಂ' ಎಂಬ ಅಡ್ಡಹೆಸರಿದೆ. ಬೇಲಿ ಹಾಕುತ್ತೇನೆಂದಲ್ಲ, ಕಂಡಲ್ಲೆಲ್ಲ ಕೀಳುತ್ತೇನೆಂದು.

ಕಾರ್ಯದರ್ಶಿಗಳು ನನ್ನ ಕೈಗೆ ಒಂದು ಚೀಟಿ ಕೊಟ್ಟಿದ್ದಾರೆ. "ವರ್ಷದ ಅತ್ಯುತ್ತಮ ಆಟವೆಂದು ಪ್ರಶಸ್ತಿ ಪಡೆದ ಈ ಆಟ ಆಡಲು ಏಕೆ ಅಷ್ಟು ಚೆನ್ನ? ಐದು ಕಾರಣಗಳು. ಹದಿನೈದು ನಿಮಿಷ." ಐದು ಎಂಬುದರ ಕೆಳಗೆ ಗೆರೆಯನ್ನೂ ಎಳೆದಿದ್ದಾರೆ. ಆಗಲಿ ಸ್ವಾಮಿ, ಒಂದೊಂದಾಗಿ ಹೇಳುತ್ತೇನೆ.

ಮೊದಲನೆಯ ಕಾರಣ. ಈ ಆಟ ನಿಮಗೆ ಒಂದು ಕೆಲಸ ಹೇಳುತ್ತದೆ, ಆದರೆ ಅದನ್ನು ಮಾಡಲಿಲ್ಲವೆಂದು ಬೈಯುವುದಿಲ್ಲ. ಆಡದೇ ಇದ್ದ ಹಿರಿಯರಿಗಾಗಿ ಹೇಳುತ್ತೇನೆ: ಆಟ ಶುರುವಾಗುವುದು ಒಂದು ಅಡುಗೆಮನೆಯಲ್ಲಿ. ನಿಮ್ಮ ಕೈಗೆ ಒಂದು ಊಟದ ಡಬ್ಬಿ ಬರುತ್ತದೆ. ದಿಬ್ಬದ ಮೇಲಿನ ಪಂಪ್‌ಹೌಸಿಗೆ ಅದನ್ನು ತಲುಪಿಸಬೇಕು. ನೆಟ್ಟಗೆ ನಡೆದರೆ ಹತ್ತು ನಿಮಿಷದ ದಾರಿ. ಆದರೆ ಬಾಗಿಲು ದಾಟಿದರೆ ಸಾಕು, ಎಡಗಡೆ ಹೊಳೆಯ ಸದ್ದು ಕೇಳುತ್ತದೆ, ಬಲಗಡೆ ಮುರಿದ ಗೋಡೆಯ ಆಚೆ ಏನೋ ಮಿಂಚುತ್ತದೆ. ನೀವು ಹೋಗುತ್ತೀರಿ. ಹೋಗಿಯೇ ಹೋಗುತ್ತೀರಿ. ಒಬ್ಬ ನಿವೃತ್ತ ನ್ಯಾಯಾಧೀಶರು ಆ ಡಬ್ಬಿ ತಲುಪಿಸಲು ನಲವತ್ತೊಂದು ಗಂಟೆ ತೆಗೆದುಕೊಂಡರಂತೆ. ಅವರ ಪತ್ರ ನಮ್ಮ ಆಫೀಸಿನ ಗೋಡೆಯ ಮೇಲಿದೆ. "ನನ್ನ ಮೂವತ್ತು ವರ್ಷದ ಸೇವೆಯಲ್ಲಿ ಇಷ್ಟು ಸಲ ಮುಂದೂಡಿದ ಪ್ರಕರಣ ಬೇರೊಂದಿಲ್ಲ" ಎಂದು ಬರೆದಿದ್ದಾರೆ.

ಈ ಡಬ್ಬಿ ನಾನು ಕಂಡುಹಿಡಿದದ್ದಲ್ಲ ಎಂಬುದು ಇಲ್ಲಿರುವ ಹಿರಿಯರಿಗೆ ಆಗಲೇ ಹೊಳೆದಿರಬೇಕು. ನಮ್ಮ ಅಪ್ಪ ಇದೇ ಕಾಲೋನಿಯ ಪಂಪ್ ಆಪರೇಟರ್. ಅಮ್ಮ ಕಟ್ಟಿಕೊಟ್ಟ ಡಬ್ಬಿಯನ್ನು ಅಕ್ಕ ಮತ್ತು ನಾನು ಒಯ್ಯುತ್ತಿದ್ದೆವು. ಹನ್ನೆರಡಕ್ಕೆ ಹೊರಟ ಡಬ್ಬಿ ಎರಡಕ್ಕೆ ಮುಟ್ಟುತ್ತಿತ್ತು. ಅಪ್ಪ ಒಂದು ದಿನವೂ "ಯಾಕೆ ತಡ" ಎನ್ನಲಿಲ್ಲ. "ಇವತ್ತು ಏನೇನು ನೋಡಿದ್ರಿ, ಹೇಳಿ" ಎನ್ನುತ್ತ ಆರಿದ ಊಟವನ್ನು ಬಿಚ್ಚುತ್ತಿದ್ದರು.

ಎರಡನೆಯ ಕಾರಣ. ಕಣ್ಣಿಗೆ ಕಂಡ ಜಾಗಕ್ಕೆಲ್ಲ ಕಾಲು ಹೋಗಬೇಕು. ದೂರದಲ್ಲಿ ಒಂದು ಬೆಟ್ಟ ಕಂಡರೆ ಅದು ಪರದೆಯ ಮೇಲೆ ಬರೆದ ಚಿತ್ರವಲ್ಲ, ಬೆಟ್ಟವೇ. ನಡೆಯಿರಿ, ಹತ್ತಿರಿ, ತುದಿಯಲ್ಲಿ ನಿಂತು ಹೊರಟ ಮನೆಯನ್ನು ಹಿಂತಿರುಗಿ ನೋಡಿರಿ. ಎಷ್ಟೋ ಆಟಗಳು ದೂರದ ಊರನ್ನು ತೋರಿಸಿ, ಹತ್ತಿರ ಹೋದರೆ ಗಾಜಿಗೆ ಮೂಗು ತಗುಲಿದಂತೆ ತಡೆಯುತ್ತವೆ. ಕಾಣಿಸಿ, ಹೋಗಲು ಬಿಡದಿದ್ದರೆ ಅದು ಮೋಸವಲ್ಲವೇ? ಮೋಸ ಎಂದೇ ನಾನು ಆಫೀಸಿನಲ್ಲಿ ಮೇಜು ಕುಟ್ಟಿ ವಾದಿಸಿದ್ದೇನೆ. ಇದೂ ಅಪ್ಪನ ಮಾತೇ. ನಮ್ಮ ನೀರಿನ ಟ್ಯಾಂಕಿನ ಏಣಿ ಹತ್ತಿದರೆ ಇಡೀ ಊರು ಕಾಣುತ್ತಿತ್ತು. ಮಕ್ಕಳೇ, ನೀವು ಹತ್ತಬೇಡಿ, ಈಗ ಅದಕ್ಕೆ ಬೀಗ ಹಾಕಿದ್ದಾರೆ. ಅಪ್ಪ ಕೆಳಗೆ ನಿಂತು ಹೇಳುತ್ತಿದ್ದರು: "ಮೇಲಿಂದ ಏನೇನು ಕಾಣ್ಸುತ್ತೋ ಅಲ್ಲಿಗೆಲ್ಲ ಹೋಗ್ಬನ್ನಿ. ಬೀದಿದೀಪ ಹತ್ತೋ ಹೊತ್ತಿಗೆ ಮನೆ ಸೇರ್ಕೊಳ್ಳಿ, ಅಷ್ಟೇ."

ಆ ಟ್ಯಾಂಕನ್ನು ನಾನು ಆಟದಲ್ಲಿ ಇಟ್ಟೆ, ಏಣಿಯ ಸಮೇತ. ನಿಮಗೆ ನೆನಪಿರಬಹುದು, ಆ ಏಣಿಯಲ್ಲಿ ಒಂದು ಮೆಟ್ಟಿಲು ಇರಲಿಲ್ಲ. ಮೇಲಿನಿಂದ ನಾಲ್ಕನೆಯದು. ಅದನ್ನೂ ಹಾಗೆಯೇ ಬಿಟ್ಟೆ. ಅಲ್ಲಿ ಆಡುವವರು ಕೈ ಚಾಚಿ ಜಿಗಿಯಬೇಕು, ಎದೆ ಡವಗುಟ್ಟಬೇಕು ಎಂದು.

ಆಟ ಬಿಡುಗಡೆಯಾದ ಮೇಲೆ ದೂರುಗಳು ಬರುತ್ತವೆ. ನಮ್ಮ ಕಸುಬಿನಲ್ಲಿ ಅವಕ್ಕೆ ಬಗ್ ರಿಪೋರ್ಟ್ ಎನ್ನುತ್ತಾರೆ. ಎಲ್ಲೋ ಮೇಕೆ ಗೋಡೆಯೊಳಗೆ ಸಿಕ್ಕಿಕೊಂಡಿದೆ, ಎಲ್ಲೋ ಒಬ್ಬನ ಟೋಪಿ ಅವನಿಗಿಂತ ಮುಂದೆ ನಡೆಯುತ್ತಿದೆ, ಇಂಥವು. ಪ್ರತಿಯೊಂದಕ್ಕೂ ಸಂಖ್ಯೆ ಕೊಟ್ಟು, ಪರೀಕ್ಷಿಸಿ, ಸರಿಮಾಡಿ, ಮುಚ್ಚುತ್ತೇವೆ. ನಾಲ್ಕು ಸಾವಿರದ ಚಿಲ್ಲರೆ ಸಂಖ್ಯೆಯ ಒಂದು ದೂರನ್ನು ನಮ್ಮ ಪರೀಕ್ಷಕಿ "ದೋಷ ಕಂಡುಬಂದಿಲ್ಲ" ಎಂದು ಬರೆದು ಮುಚ್ಚಿಬಿಟ್ಟಿದ್ದಳು. ಮಧ್ಯಾಹ್ನ ಊಟದ ಹೊತ್ತಿಗೆ ನಗುತ್ತ ನನಗೆ ಓದಿ ಹೇಳಿದಳು: "ಏಣಿಯಲ್ಲಿ ಇಲ್ಲದ್ದು ನಾಲ್ಕನೇ ಮೆಟ್ಟಿಲಲ್ಲ, ಐದನೇದು. ನಾಲ್ಕನೇದು ಇತ್ತು, ಅಲ್ಲಾಡ್ತಿತ್ತು. ನೀನು ಕಣ್ಮುಚ್ಕೊಂಡು ನನ್ನ ಕೈ ಹಿಡ್ಕೊಂಡು ಹತ್ತುತ್ತಿದ್ದೆ, ನಿನಗೆ ಹೇಗೆ ಗೊತ್ತಾಗ್ಬೇಕು."

ಸಭಿಕರೇ, ಬಗ್ ರಿಪೋರ್ಟಿನಲ್ಲಿ ಯಾರೂ 'ನೀನು' ಎಂದು ಬರೆಯುವುದಿಲ್ಲ. ಇದನ್ನು ಬರೆದವಳು ಅಕ್ಕ. ನಮ್ಮ ಅಕ್ಕ ಟೈಲರ್, ನಿಮ್ಮಲ್ಲಿ ಅರ್ಧ ಜನ ಉಟ್ಟು ತೊಟ್ಟಿರುವುದು ಅವಳು ಹೊಲಿದದ್ದೇ ಇರಬೇಕು. ಕಾಲು ಇಂಚು ಹೆಚ್ಚುಕಡಿಮೆಯಾದರೂ ಬಿಚ್ಚಿ ಮತ್ತೆ ಹೊಲಿಯುವವಳು. ಅವಳು ನನ್ನೊಡನೆ ಮಾತು ಬಿಟ್ಟು ಆಗ ಆರು ವರ್ಷವಾಗಿತ್ತು.

ಇದು ಚೀಟಿಯಲ್ಲಿಲ್ಲ. ಕಾರ್ಯದರ್ಶಿಗಳು ಗಡಿಯಾರ ನೋಡುತ್ತಿದ್ದಾರೆ. ಆದರೂ ಶುರು ಮಾಡಿದ ಮೇಲೆ ಹೇಳಿಯೇಬಿಡುತ್ತೇನೆ.

ಈ ಆಟಕ್ಕೆ ಮೊದಲು ನಾವು ಇನ್ನೊಂದು ಆಟ ಮಾಡಿದ್ದೆವು. ಅದರ ಹೆಸರು ನಿಮಗ್ಯಾರಿಗೂ ಗೊತ್ತಿಲ್ಲ, ನಮ್ಮ ಪುಣ್ಯ. ನಕ್ಷೆ ಇದರ ನಾಲ್ಕರಷ್ಟು ದೊಡ್ಡದು, ಒಳಗೆ ಹುರುಳಿಲ್ಲ. ನೂರು ಗರಿ ಹುಡುಕಿ, ನೂರು ಗಂಟೆ ಬಾರಿಸಿ, ಬರೀ ಇದೇ. ಅಂಚಿಗೆ ಹೋದರೆ ಒಂದು ಸಾಲು ಬರುತ್ತಿತ್ತು: "ಮುಂದೆ ದಾರಿಯಿಲ್ಲ. ನಿಮ್ಮ ಕೆಲಸಕ್ಕೆ ಹಿಂತಿರುಗಿ." ಆ ಸಾಲು ಬರೆದವಳು ನಾನೇ. ಅದರ ಬಿಡುಗಡೆಗೆ ಹತ್ತು ದಿನವಿದ್ದಾಗ ಅಕ್ಕ ಫೋನ್ ಮಾಡಿದಳು. "ಅಪ್ಪ ನಿನ್ನ ಕೇಳ್ತಿದ್ದಾರೆ ಕಣೇ, ಬಾ." ನಾನು ಅಂದೆ, "ಹತ್ತೇ ದಿನ ಅಕ್ಕ, ಕೆಲಸ ಮುಗಿದ ತಕ್ಷಣ ಹೊರಡ್ತೀನಿ." ಅಪ್ಪ ಆರನೆಯ ದಿನ ಹೋದರು. ಏಳನೆಯ ದಿನ ನಾನು ಬಂದೆ, ಎಲ್ಲ ಮುಗಿದಿತ್ತು. ಅಕ್ಕ ಬಾಗಿಲಲ್ಲಿ ನಿಂತು ಒಂದೇ ಮಾತು ಕೇಳಿದಳು: "ಕೆಲಸ ಮುಗೀತಾ?" ನನಗೆ ಉತ್ತರ ಬರಲಿಲ್ಲ. ಅದೇ ಚೀಲ ಹಿಡಿದು ಅದೇ ರೈಲಿಗೆ ಹಿಂತಿರುಗಿದೆ. ಯಾರೂ ಆಡದ ಒಂದು ಆಟಕ್ಕಾಗಿ ನಾನು ಅಪ್ಪನನ್ನು ಕಾಯಿಸಿದೆ. ಬೇಲಿ ಕೀಳುವ ರೋಗ ನನಗೆ ಅಂಟಿದ್ದು ಅಲ್ಲಿಂದ.

ಸರಿ, ಏಣಿಗೆ ಬರೋಣ. ಆ ದೂರಿಗೆ ಏನೆಂದು ಉತ್ತರಿಸುವುದು? ಫೋನ್ ಮಾಡುವ ಧೈರ್ಯವಿಲ್ಲ. ದೂರನ್ನು ಮತ್ತೆ ತೆರೆದೆ, ನಾಲ್ಕನೇ ಮೆಟ್ಟಿಲು ಹಾಕಿಸಿದೆ, ಐದನೆಯದನ್ನು ಕೀಳಿಸಿದೆ, ನಾಲ್ಕನೆಯದು ಅಲ್ಲಾಡುವಂತೆ ಮಾಡಿಸಿದೆ. ಮುಂದಿನ ಅಪ್‌ಡೇಟಿನಲ್ಲಿ ಹೋಯಿತು. ಎರಡು ವಾರಕ್ಕೆ ಇನ್ನೊಂದು ದೂರು: "ಪಂಪ್‌ಹೌಸ್ ಬಾಗಿಲು ನೀಲಿ ಅಲ್ಲ, ಹಸಿರು. ನೀಲಿ ಬಳಿದದ್ದು ನೀನು ಹೋದ್ಮೇಲೆ." ಹಸಿರು ಮಾಡಿಸಿದೆ. ಆಮೇಲೆ ಸೈಕಲ್ಲು ಯಾವ ಗೋಡೆಗೆ ಒರಗಿರುತ್ತಿತ್ತು ಎಂದು ಬಂತು. ಹೀಗೆ ಎಂಟು ತಿಂಗಳು. ಅವಳ ಮಗಳು ಮನೆಗೆ ತಂದ ಆಟ, ಅಂಗಡಿ ಮುಚ್ಚಿದ ಮೇಲೆ ಇವಳು ಕೂತು ಆಡುತ್ತಾಳಂತೆ, ಕೊರಳಲ್ಲಿ ಅಳತೆ ಟೇಪು ಹಾಗೇ ಇರುತ್ತದಂತೆ. ಅವಳು ದೂರು ಬರೆದಳು, ನಾನು ತಿದ್ದಿದೆ. ಒಂದು "ಹೇಗಿದ್ದೀಯ" ಇಲ್ಲ, ಒಂದು "ಚೆನ್ನಾಗಿದ್ದೀನಿ" ಇಲ್ಲ. ಆದರೂ ಸಭಿಕರೇ, ಪ್ರಶಸ್ತಿ ಬಂದ ದಿನಕ್ಕಿಂತ ಅವಳ ದೂರು ಬಂದ ದಿನಗಳೇ ನನಗೆ ಹೆಚ್ಚು ಸಂತೋಷದವು.

ಮೂರನೆಯ ಕಾರಣ, ಬೇಗ ಹೇಳುತ್ತೇನೆ, ಮಕ್ಕಳು ಆಕಳಿಸುವ ಮುಂಚೆ. ಈ ಜಗತ್ತಿನಲ್ಲಿ ವಸ್ತುಗಳು ವಸ್ತುಗಳ ಹಾಗೆಯೇ ನಡೆದುಕೊಳ್ಳುತ್ತವೆ. ಮರ ತೇಲುತ್ತದೆ, ಕಬ್ಬಿಣ ಮುಳುಗುತ್ತದೆ, ಒದ್ದೆ ಕಲ್ಲು ಜಾರುತ್ತದೆ. ಹೊಳೆ ದಾಟಲು ನಾವು ಒಂದು ಸೇತುವೆ ಕಟ್ಟಿದ್ದೆವು, ಅದರ ಬೀಗದ ಕೈ ಹುಡುಕಲು ಚೆಂದದ ಒಗಟೊಂದನ್ನು ಹೆಣೆದಿದ್ದೆವು. ಆಟ ಆಡುತ್ತಿದ್ದ ಒಬ್ಬ ಅಜ್ಜಿ ಏನು ಮಾಡಿದರು? ಯಾರದೋ ಮನೆಯ ಬಾಗಿಲನ್ನೇ ಕಿತ್ತು, ನೀರಿಗೆ ಹಾಕಿ, ಅದರ ಮೇಲೆ ಕೂತು ಸೌಟಿನಲ್ಲಿ ಹುಟ್ಟು ಹಾಕುತ್ತ ದಾಟಿಬಿಟ್ಟರು. ಆ ವಿಡಿಯೋ ನೋಡಿ ಇಡೀ ಆಫೀಸು ಎದ್ದು ನಿಂತು ಚಪ್ಪಾಳೆ ತಟ್ಟಿತು. ನಾವು ಯೋಚಿಸದೇ ಇದ್ದದ್ದನ್ನು ನೀವು ಮಾಡಿದಾಗಲೇ ಆಟ ಗೆದ್ದಿತು ಎಂದರ್ಥ.

ನಾಲ್ಕನೆಯದು. ಈ ಲೋಕ ಯಾರಿಗೂ ಕಾಯುವುದಿಲ್ಲ. ನೀವು ಬೆಟ್ಟದ ಮೇಲೆ ಅಲೆಯುತ್ತಿರುವಾಗ ಕೆಳಗೆ ರೊಟ್ಟಿಯಂಗಡಿಯವನು ಬಾಗಿಲು ಹಾಕುತ್ತಾನೆ, ಮೇಕೆಗಳು ಕೊಟ್ಟಿಗೆ ಸೇರುತ್ತವೆ, ಸರಿಯಾಗಿ ಆರೂವರೆಗೆ ಬೀದಿದೀಪ ಹತ್ತುತ್ತದೆ. ವಿಮರ್ಶಕರು ಇದನ್ನು ತುಂಬ ಹೊಗಳಿದರು. ನಾನೂ ಹೆಮ್ಮೆಪಟ್ಟೆ. ಆಗ ಅಕ್ಕನ ದೂರು ಬಂತು. ಅದನ್ನು ಬರೆದುಕೊಂಡು ಬಂದಿದ್ದೇನೆ, ಓದುತ್ತೇನೆ. "ಬೀದಿದೀಪ ಆರೂವರೆಗೆ ಹತ್ತೋದು ತಪ್ಪು. ಸ್ವಿಚ್ಚು ಪಂಪ್‌ಹೌಸಲ್ಲಿತ್ತು. ನೀನು ಮನೆ ಸೇರಿದ್ದು ಕಿಟಕಿಯಿಂದ ನೋಡೋವರೆಗೂ ಅಪ್ಪ ದೀಪ ಹಾಕ್ತಿರ್ಲಿಲ್ಲ. ಕಾಲೋನಿಯವರೆಲ್ಲ ಬೈತಿದ್ರು."

ನಲವತ್ತು ವರ್ಷ ನಾನು ಅಂದುಕೊಂಡಿದ್ದೆ, ಎಷ್ಟು ಅಲೆದರೂ ದೀಪ ಹತ್ತುವ ಮುಂಚೆ ಮನೆ ಸೇರುವ ಜಾಣೆ ನಾನು ಎಂದು. ಜಾಣತನ ನನ್ನದಲ್ಲ, ದೀಪವೇ ನನಗಾಗಿ ಕಾಯುತ್ತಿತ್ತು. ಹಾಗೆ ಬೆಳೆದವಳಿಗೆ, ಇನ್ನು ಹತ್ತು ದಿನ ಕಾಯಿರಿ ಎನ್ನಲು ನಾಲಿಗೆ ಹೇಗೆ ತಡವರಿಸೀತು? ಆ ಕತ್ತಲಲ್ಲಿ ಎಡವಿದ ಹಿರಿಯರು ಇಲ್ಲಿ ಯಾರಾದರೂ ಇದ್ದರೆ ಕ್ಷಮೆ ಕೇಳುತ್ತೇನೆ. ಈಗ ನಮ್ಮ ಆಟದಲ್ಲಿ ನೀವು ಮನೆ ಸೇರುವವರೆಗೆ ದೀಪ ಹತ್ತುವುದಿಲ್ಲ. ಕೆಲವರು ಅದು ದೋಷವೆಂದು ದೂರು ಬರೆದಿದ್ದಾರೆ. ಆ ದೂರುಗಳನ್ನು ನಾನೇ ಕೈಯಾರೆ ಮುಚ್ಚಿದ್ದೇನೆ.

ಕಡೆಯ ದೂರೊಂದು ಬಾಕಿ ಇದೆ. ಡಬ್ಬಿ ಹಿಡಿದು ಪಂಪ್‌ಹೌಸಿಗೆ ಹೋದವರಿಗೆ ಗೊತ್ತು: ಅಲ್ಲಿ ರೇಡಿಯೋ ಹಾಡುತ್ತಿರುತ್ತದೆ, ಕುರ್ಚಿಯ ಬೆನ್ನಿಗೆ ಟವೆಲ್ಲು ಇರುತ್ತದೆ, ಮನುಷ್ಯ ಇರುವುದಿಲ್ಲ. ಡಬ್ಬಿಯನ್ನು ಮೇಜಿನ ಮೇಲಿಟ್ಟು ಬರಬೇಕು. ಆ ಖಾಲಿ ಕುರ್ಚಿಯ ಬಗ್ಗೆ ಎಷ್ಟು ಲೇಖನಗಳು ಬಂದವು ಎನ್ನುತ್ತೀರಿ. ಒಬ್ಬರು ಅದು ಶೂನ್ಯದ ಸಂಕೇತ ಎಂದರು, ಇನ್ನೊಬ್ಬರು ಕಾಲದ ಸಂಕೇತ ಎಂದರು. ಸಂಕೇತವೂ ಇಲ್ಲ, ಮಣ್ಣೂ ಇಲ್ಲ. ಅಪ್ಪನ ಮುಖ ಬರೆಯಲು ಕೂತಾಗಲೆಲ್ಲ ನನ್ನ ಕೈ ನಿಂತಿತು. ಪ್ರಶಸ್ತಿ ಬಂದ ಮರುದಿನ ಅಕ್ಕ ಬರೆದಳು: "ಡಬ್ಬಿ ತಗೊಂಡು ಹೋದೆ. ಅಪ್ಪ ಇಲ್ಲ. ಸರಿ ಮಾಡು."

ಇದೊಂದನ್ನು ನಾನೊಬ್ಬಳೇ ಸರಿ ಮಾಡಲಾರೆ. ಕೊನೆಯ ದಿನಗಳಲ್ಲಿ ಅಪ್ಪ ಹೇಗೆ ಕೂರುತ್ತಿದ್ದರು, ಹೇಗೆ ನಗುತ್ತಿದ್ದರು, ನನ್ನನ್ನು ಕೇಳಿದಾಗ ಏನೆಂದು ಕೇಳಿದರು, ಇದು ಗೊತ್ತಿರುವುದು ಅವಳೊಬ್ಬಳಿಗೆ. ಇವತ್ತಿನ ಆಹ್ವಾನಪತ್ರ ಅವಳಿಗೂ ಹೋಗಿತ್ತು. "ಹೊಲಿಗೆ ಬಾಕಿ ಇದೆ" ಎಂದು ಹೇಳಿ ಕಾರ್ಯದರ್ಶಿಗಳನ್ನು ವಾಪಸು ಕಳುಹಿಸಿದಳಂತೆ. ನಾನು ಭಾಷಣ ಮುಗಿಸಿ, ಅತಿಥಿಗಳ ಜೊತೆ ಊಟ ಮಾಡಿ, ಎಂಟರ ರೈಲು ಹಿಡಿಯುವುದೆಂದು ನಿಶ್ಚಯವಾಗಿತ್ತು.

ಆದರೆ ಅಧ್ಯಕ್ಷರೇ, ಈ ವೇದಿಕೆಯ ಮೇಲೆ ನಿಂತರೆ ಆ ಬಲಗಡೆಯ ಕಿಟಕಿಯಿಂದ ಒಂದು ಅಂಗಡಿ ಕಾಣುತ್ತದೆ. ಬಂದಾಗಿನಿಂದ ಆ ಕಡೆ ನೋಡಬಾರದೆಂದುಕೊಂಡು ಅದನ್ನೇ ನೋಡುತ್ತಿದ್ದೇನೆ. ಒಳಗೆ ಬೆಳಕಿದೆ, ಹೊಲಿಗೆ ಯಂತ್ರದ ಮುಂದೆ ಒಬ್ಬರು ಕೂತಿದ್ದಾರೆ. ಕಂಡ ಜಾಗಕ್ಕೆ ಹೋಗಲು ಬಿಡದಿದ್ದರೆ ಮೋಸ ಎಂದು ಈಗಷ್ಟೇ ನಿಮ್ಮೆದುರು ಹೇಳಿದವಳು ನಾನು. ಬೀದಿದೀಪವೂ ಹತ್ತಿತು, ನೋಡಿ. ಈಗ ಅದು ತಾನಾಗಿಯೇ ಹತ್ತುತ್ತದೆ, ಯಾರಿಗೂ ಕಾಯುವುದಿಲ್ಲ.

ಐದನೆಯ ಕಾರಣವನ್ನು ಹೇಳದೆ ಇಳಿಯುತ್ತಿದ್ದೇನೆ. ಚೀಟಿಯನ್ನು ಇಲ್ಲೇ ಮೈಕಿನ ಪಕ್ಕ ಇಟ್ಟಿದ್ದೇನೆ, ಆಡಿದ ಮಕ್ಕಳು ಯಾರಾದರೂ ಬಂದು ಹೇಳಲಿ, ನನಗಿಂತ ಚೆನ್ನಾಗಿ ಹೇಳುತ್ತಾರೆ. ಊಟಕ್ಕೆ ನನ್ನನ್ನು ಕಾಯಬೇಡಿ. ಈ ಹೂಗುಚ್ಛವನ್ನು ಮಾತ್ರ ಒಯ್ಯುತ್ತೇನೆ, ಬರಿಗೈಯಲ್ಲಿ ಹೋಗಲು ಧೈರ್ಯ ಸಾಲದು. ಅಕ್ಕ ಬಾಗಿಲಲ್ಲಿ ನಿಂತು "ಕೆಲಸ ಮುಗೀತಾ?" ಎಂದು ಕೇಳಿದರೆ ಈ ಸಲ ನನ್ನ ಹತ್ತಿರ ಉತ್ತರವಿದೆ. ಇಲ್ಲ ಅಕ್ಕ, ಅರ್ಧಕ್ಕೆ ಬಿಟ್ಟು ಬಂದೆ.

ಕರೆದು ಕೂರಿಸಿ, ಇಷ್ಟು ಹೊತ್ತು ಕಿವಿಗೊಟ್ಟ ನಿಮಗೆಲ್ಲರಿಗೂ ನಾನು ಋಣಿ. ಮೇಷ್ಟ್ರೇ, ಅಪ್ಪಣೆ ಕೊಡಿ. ನಮಸ್ಕಾರ.