ಅವ್ವನ ಹಿತ್ತಾಳೆ ಸೇರು

ಗುತ್ಯಮ್ಮ ಕೋಂ ಗುಡ್ಡಪ್ಪ, ವಯಸ್ಸು 68 ವರ್ಷ, ಕೆಲಸ: ವ್ಯವಸಾಯ ಮತ್ತು ಕುರಿ ಸಾಕಣೆ, ವಾಸ: ಚಂದ್ರಗುತ್ತಿ, ಸೊರಬ ತಾಲ್ಲೂಕು, ಶಿವಮೊಗ್ಗ ಜಿಲ್ಲೆ. ಇವರು ದಿನಾಂಕ 22-04-2025ರಂದು ಠಾಣೆಗೆ ಹಾಜರಾಗಿ ನೀಡಿದ ಮರುಹೇಳಿಕೆ.

ನಾನು ತಮ್ಮಲ್ಲಿ ತಿಳಿಯಪಡಿಸುವುದೇನೆಂದರೆ, ನಾನು ಮೇಲ್ಕಂಡ ವಿಳಾಸದಲ್ಲಿ ಗಂಡನೊಂದಿಗೆ ವಾಸವಾಗಿದ್ದೇನೆ. ನಮಗೆ ಮಕ್ಕಳಿಲ್ಲ. ದಿನಾಂಕ 11-04-2025ರಂದು ನಮ್ಮ ಮನೆಯಿಂದ ಹಿತ್ತಾಳೆಯ ಸೇರು ಕಳುವಾಗಿದೆಯೆಂದು ಇದೇ ಠಾಣೆಗೆ ದೂರು ಕೊಟ್ಟಿದ್ದೆ. ಆ ದಿನ ಸೇರಿನ ಗುರುತು ಕೇಳಿದಾಗ ಹೇಳಿದ್ದನ್ನು ಮತ್ತೊಮ್ಮೆ ವಿವರವಾಗಿ ಹೇಳುತ್ತೇನೆ.

ನನ್ನ ತವರು ಕುಬಟೂರು. ನಮ್ಮಪ್ಪ ಅಲ್ಲಿ ಸಣ್ಣ ದಿನಸಿ ಅಂಗಡಿ ಇಟ್ಟಿದ್ದರು. ನಾನು ಐದಾರು ವರ್ಷದವಳಿದ್ದಾಗ ಸೇರು, ಪಾವು, ಮಣ ಎಲ್ಲ ಬಿಟ್ಟು ಕಿಲೋ, ಲೀಟರಿನಲ್ಲೇ ವ್ಯಾಪಾರ ಮಾಡಬೇಕೆಂದು ಸರ್ಕಾರದ ಆದೇಶವಾಯಿತು. ಅಧಿಕಾರಿಗಳು ಬಂದು ಅಂಗಡಿಯಲ್ಲಿದ್ದ ಹಳೆಯ ತೂಕದ ಕಲ್ಲು, ಕೊಳಗ, ಪಾವುಗಳನ್ನು ಗೋಣಿಚೀಲಕ್ಕೆ ತುಂಬಿಕೊಂಡರು. ಆ ಹೊತ್ತಿಗೆ ಅವ್ವ ಒಳಗೆ ನನ್ನ ತಮ್ಮ ಪರಶುರಾಮನ ನಾಮಕರಣಕ್ಕೆಂದು ಹಿತ್ತಾಳೆ ಸೇರಿನಲ್ಲಿ ಅಕ್ಕಿ ಅಳೆಯುತ್ತಿದ್ದಳು. ಒಬ್ಬ ಅಧಿಕಾರಿ ಬಾಗಿಲಲ್ಲಿ ನಿಂತು ನೋಡಿ, ಇದನ್ನು ಅಂಗಡಿಗೆ ತರಬೇಡಿ, ಅಡುಗೆಮನೆಯೊಳಗೆ ಸರ್ಕಾರ ಬರುವುದಿಲ್ಲ ಎಂದು ಹೇಳಿ ಹೋದರು.

ಆಮೇಲೂ ಎಷ್ಟೋ ವರ್ಷ ಜನ ಸೇರಿನ ಲೆಕ್ಕದಲ್ಲೇ ಕೇಳುತ್ತಿದ್ದರು. ಅಪ್ಪ ಕಿಲೋದಲ್ಲಿ ತೂಗಿ ಮೇಲೊಂದು ಹಿಡಿ ಹಾಕಿದರೆ ಮಾತ್ರ ಅವರಿಗೆ ಸಮಾಧಾನ. ನಮ್ಮ ಮನೆಯೊಳಗೆ ಮಾತ್ರ ಸೇರೇ ನಡೆಯಿತು. ನೆಂಟರು ಬಂದ ದಿನ ಅವ್ವ ಅದರ ಮೇಲೆ ಗೋಪುರ ಏರುವಂತೆ ತುಂಬುತ್ತಿದ್ದಳು. ನಾವಷ್ಟೇ ಇದ್ದ ದಿನ ಅಂಗೈಯಿಂದ ಸವರಿ ಸಮ ಮಾಡುತ್ತಿದ್ದಳು. ಮಳೆಗಾಲದ ಕೊನೆಗೆ ಅಕ್ಕಿ ಮುಗಿಯುತ್ತ ಬಂದಾಗ ಸೇರು ತುಂಬುತ್ತಲೇ ಇರಲಿಲ್ಲ. ಆಗ ತಮ್ಮನ ತಟ್ಟೆಗೆ ಬಡಿಸಿ ನನ್ನ ಕಡೆ ನೋಡುತ್ತಿದ್ದಳು. ನಾನು ಹಸಿವಿಲ್ಲ ಎನ್ನುತ್ತಿದ್ದೆ.

ಸೇರಿನ ಕಂಠದ ಮೇಲೆ ಹಳೆಯ ಸರ್ಕಾರಿ ಮುದ್ರೆ ಇದೆ. ತಳದ ಹತ್ತಿರ ಒಂದು ಕಡೆ ತಗ್ಗಾಗಿದೆ. ಪರಶುರಾಮ ಚಿಕ್ಕವನಿದ್ದಾಗ ಬಾವಿಕಟ್ಟೆಗೆ ಬಡಿದು ಆದ ತಗ್ಗು ಅದು.

ಅವ್ವ ಕೊನೆಯ ಎರಡು ವರ್ಷ ನನ್ನ ಮನೆಯಲ್ಲಿದ್ದಳು. ಸೇರನ್ನು ಅವಳೇ ನನ್ನ ಕೈಗೆ ಕೊಟ್ಟಳು. ಅವಳ ತಿಥಿಯ ದಿನ ಪರಶುರಾಮ, ಸೇರು ಗಂಡುಮಗನ ಮನೆಯಲ್ಲಿರಬೇಕು ಎಂದ. ಉಣ್ಣಿಸಿದವರ ಮನೆಯಲ್ಲಿರಲಿ ಎಂದು ನಾನು ಹೇಳಿದೆ. ಅಂದಿನಿಂದ ಹನ್ನೊಂದು ವರ್ಷ ನಮಗೆ ಮಾತಿರಲಿಲ್ಲ. ಅವನು ಲೈನ್‌ಮನ್ ಕೆಲಸದಿಂದ ನಿವೃತ್ತನಾಗಿ ಶಿಕಾರಿಪುರದಲ್ಲಿ ಮನೆ ಕಟ್ಟಿಸಿದ್ದೂ ನನಗೆ ಬೇರೆಯವರ ಬಾಯಿಂದ ತಿಳಿಯಿತು.

ದಿನಾಂಕ 11-04-2025ರಂದು ಬೆಳಿಗ್ಗೆ ನಾನು, ನನ್ನ ಗಂಡ ಬಾಗಿಲಿಗೆ ಚಿಲಕ ಹಾಕಿ ಕುರಿ ಹೊಡೆದುಕೊಂಡು ಹೋಗಿದ್ದೆವು. ಬೀಗ ಹಾಕುವ ರೂಢಿ ಇಲ್ಲ. ಮಧ್ಯಾಹ್ನ ಬಂದು ಅಡುಗೆಗೆ ಅಕ್ಕಿ ತೆಗೆಯಲು ಹೋದಾಗ ಸೇರು ಇರಲಿಲ್ಲ. ಬೇರೆ ಯಾವ ಸಾಮಾನೂ ಹೋಗಿರಲಿಲ್ಲ. ಜಗಲಿಯಲ್ಲಿ ಬಿಟ್ಟಿದ್ದ ಕುರಿಮರಿ ಏನೋ ಕೆಂಪು ಕಾಗದ ಜಗಿಯುತ್ತಿತ್ತು. ಹೊಟ್ಟೆನೋವು ಬಂದೀತೆಂದು ಉಳಿದ ಚೂರನ್ನು ಬಾಯಿಂದ ಕಿತ್ತು ಎಸೆದೆ. ಅದೇ ದಿನ ಸೊರಬಕ್ಕೆ ಬಂದು ದೂರು ಕೊಟ್ಟೆ.

ದಿನಾಂಕ 20-04-2025ರ ಭಾನುವಾರ ಬೆಳಿಗ್ಗೆ ಕುಬಟೂರಿನ ನಮ್ಮ ಸಂಬಂಧಿ ಮಾಸ್ತಪ್ಪ ಶಿಕಾರಿಪುರದಿಂದ ಫೋನ್ ಮಾಡಿದರು. "ಗುತ್ಯಕ್ಕ, ನಿಮ್ಮವ್ವನ ಸೇರು ಇಲ್ಲಿ ಪರಶುರಾಮನ ಮನೇಲೈತೆ. ಇವತ್ತು ಅವನ ಮಗ ಗುರುಪ್ರಕಾಶನ ಮದುವೆ. ಸೋದರತ್ತೆಯಾಗಿ ನೀನೇ ಬಂದಿಲ್ವಲ್ಲ" ಎಂದರು. ಮದುವೆಯ ವಿಷಯ ನನಗೆ ಗೊತ್ತಿರಲಿಲ್ಲ. ಸೇರು ಹೋದದ್ದಕ್ಕಿಂತ ಅದೇ ನನಗೆ ಹೆಚ್ಚು ನೋವಾಯಿತು. ಆ ಸಿಟ್ಟಿನಲ್ಲೇ ಗಂಡನೊಂದಿಗೆ ಠಾಣೆಗೆ ಬಂದು ತಿಳಿಸಿದೆ. ಹೆಡ್ ಕಾನ್‌ಸ್ಟೆಬಲ್ ಮಾಲತೇಶ್ ಅವರು ಸೇರನ್ನು ಗುರುತಿಸಲು ನಮ್ಮಿಬ್ಬರನ್ನೂ ಜೀಪಿನಲ್ಲಿ ಶಿರಾಳಕೊಪ್ಪದ ಮೇಲೆ ಶಿಕಾರಿಪುರಕ್ಕೆ ಕರೆದುಕೊಂಡು ಹೋದರು.

ಮಧ್ಯಾಹ್ನ ಸುಮಾರು 3 ಗಂಟೆಗೆ ಆ ಮನೆ ತಲುಪಿದೆವು. ಮದುಮಕ್ಕಳು ಕಲ್ಯಾಣ ಮಂಟಪದಿಂದ ಆಗಷ್ಟೇ ಬಂದು ಗೇಟಿನ ಬಳಿ ನಿಂತಿದ್ದರು. ಮದುಮಗಳು ಕಾಲು ತಾಗಿಸಿ ಒಳಗೆ ಬರಲೆಂದು ಹೊಸ್ತಿಲ ಮೇಲೆ ಸೇರಿನ ತುಂಬ ಅಕ್ಕಿ ಇಟ್ಟಿದ್ದರು. ಪೊಲೀಸರನ್ನು ಕಂಡು ವಾಲಗ ನಿಂತಿತು. ಪರಶುರಾಮನ ತಲೆ ಪೂರ್ತಿ ಬೆಳ್ಳಗಾಗಿತ್ತು. ಅವನು ಪೊಲೀಸರ ಕಡೆ ನೋಡಲಿಲ್ಲ. "ಬಂದ್ಯಾ ಅಕ್ಕ" ಎಂದ.

ಮಾಲತೇಶ್ ಅವರು ಸೇರು ಯಾರದೆಂದು ಕೇಳಿದರು. ಅಕ್ಕನದು, ನಾನೇ ಹೇಳದೆ ತಂದೆ ಎಂದು ಪರಶುರಾಮ ಒಪ್ಪಿಕೊಂಡ.

"ಸೇರು ಬೇಕು, ಅಕ್ಕ ಬ್ಯಾಡ್ವೇನೋ? ನನ್ನ ಕರೀದೇ ಮದುವೆ ಮಾಡ್ತೀಯಲ್ಲ" ಎಂದು ನಾನು ಕೇಳಿದೆ.

"ಕರ್ದೀನಲ್ಲಕ್ಕ. ಪತ್ರಿಕೆಗೆ ಅರಿಶಿನ ಕುಂಕುಮ ಹಚ್ಕೊಂಡು ಬಂದಿದ್ದೆ. ನೀವಿರಲಿಲ್ಲ. ಜಗಲಿ ಮೇಲೆ ಇಟ್ಟು ಬಂದೆ. ನೀನು ನೋಡಿನೂ ಬರ್ಲಿಲ್ಲ ಅನ್ಕೊಂಡೆ" ಎಂದ.

ನನ್ನ ಗಂಡ ಗುಡ್ಡಪ್ಪ ಮೆಲ್ಲಗೆ, "ಅದನ್ನ ಕುರಿಮರಿ ತಿಂತು ಕಣಪ್ಪ" ಎಂದರು. ಅಲ್ಲಿದ್ದವರು ನಕ್ಕರು. ನಾನು, ಪರಶುರಾಮ ನಗಲಿಲ್ಲ. ಸೇರನ್ನು ಬಾಯಿಬಿಟ್ಟು ಕೇಳಿದ್ದರೆ ನಾನು ಕೊಡುತ್ತಿರಲಿಲ್ಲವೇ ಎಂದು ಅವನನ್ನು ಕೇಳಿದೆ.

"ಕೇಳಿ ನೀನು ಇಲ್ಲ ಅಂದಿದ್ರೆ ನಂಗೆ ತಡ್ಕೊಳಕೆ ಆಗ್ತಿರಲಿಲ್ಲ ಅಕ್ಕ. ಕೇಳದೇ ತಂದ್ರೆ ಬೈಯೋಕಾದ್ರೂ ಬರ್ತೀಯ ಅನ್ಕೊಂಡೆ" ಎಂದ.

ನಾನು ಸೀರೆಯ ಸೆರಗಿನಿಂದ ಅವನ ಹಣೆಯ ಬೆವರು ಒರೆಸಿದೆ. ಅವನು ಅತ್ತ.

ಮದುಮಗನಿಗೆ ಅಕ್ಕತಂಗಿಯರಿಲ್ಲ. ಬಾಗಿಲು ತಡೆಯುವ ಶಾಸ್ತ್ರಕ್ಕೆ ಯಾರೂ ಇರಲಿಲ್ಲವಾದ್ದರಿಂದ ಪರಶುರಾಮನ ಹೆಂಡತಿ ಬಂಗಾರಮ್ಮ ನನ್ನ ಕೈಹಿಡಿದು ಹೊಸ್ತಿಲ ಒಳಗೆ ನಿಲ್ಲಿಸಿದಳು. ಮುಂದೆ ನಿನಗೆ ಹೆಣ್ಣು ಹುಟ್ಟಿದರೆ ನನ್ನ ಮಗನಿಗೆ ಕೊಡು ಎಂದು ಬಾಗಿಲು ತಡೆದವರು ಕೇಳುವುದು ಪದ್ಧತಿ. ಮಗನೇ ಇಲ್ಲದ ನನಗೆ ಏನು ಕೇಳಬೇಕೆಂದು ತಿಳಿಯಲಿಲ್ಲ. ಮದುಮಗಳು ಸ್ಪಂದನ ತಾನೇ ಮಾತಾಡಿದಳು.

"ಅತ್ತೆ, ಸೇರು ನಿಮ್ದಂತೆ. ನೀವು ಹೂಂ ಅಂದ್ರೆ ಮಾತ್ರ ಕಾಲು ತಾಗಿಸ್ತೀನಿ."

"ತಾಗ್ಸು ಮಗಾ. ಒಳಗೆ ಬಾ" ಎಂದೆ.

ಅಕ್ಕಿ ಒಳಗಡೆಗೆ ಚೆಲ್ಲಿತು. ವಾಲಗ ಶುರುವಾಯಿತು. ಮಾಲತೇಶ್ ಅವರನ್ನು ಊಟಕ್ಕೆ ಕರೆದರೂ ಡ್ಯೂಟಿಯಲ್ಲಿದ್ದೇನೆಂದು ಹೇಳಿ ಒಂದು ಹೋಳಿಗೆ ಮಾತ್ರ ತೆಗೆದುಕೊಂಡರು. ದೂರಿನ ಬಗ್ಗೆ ಏನು ಬರೆಯಲಿ ಎಂದು ಕೇಳಿದ್ದಕ್ಕೆ, ನಾಡಿದ್ದು ಠಾಣೆಗೆ ಬಂದು ಹೇಳುತ್ತೇನೆ ಎಂದೆ. ಅದರಂತೆ ಇಂದು ಬಂದಿದ್ದೇನೆ.

ನನ್ನ ವಸ್ತು ಕಳುವಾಗಿಲ್ಲ. ನನ್ನ ತಮ್ಮನ ಮೇಲೆ ಯಾವ ಕ್ರಮವೂ ಬೇಡ. ಸೇರನ್ನು ಠಾಣೆಗೆ ಹಾಜರುಪಡಿಸಲು ಹೇಳಿದ್ದೀರಿ, ಆದರೆ ಅದನ್ನು ನಾನು ಸ್ಪಂದನಳ ಅಡುಗೆಮನೆಯಲ್ಲೇ ಬಿಟ್ಟು ಬಂದಿದ್ದೇನೆ. ಇಂದು ಬೆಳಿಗ್ಗೆ ಅವಳು ಫೋನ್ ಮಾಡಿ, ತನಗೆ ಕುಕ್ಕರಿನ ಜೊತೆ ಬಂದ ಲೋಟದ ಅಳತೆ ಮಾತ್ರ ಗೊತ್ತು, ಒಂದು ಸೇರು ಅಕ್ಕಿ ಎಷ್ಟು ಜನಕ್ಕೆ ಆಗುತ್ತದೆ ಎಂದು ಕೇಳಿದಳು. ಊಟಕ್ಕೆ ಎಷ್ಟು ಜನ ಎಂದು ಕೇಳಿದೆ. ನಾವು ನಾಲ್ಕು ಜನ, ನೀವಿಬ್ಬರು ಎಂದಳು.

ಪರಶುರಾಮ ನಮ್ಮನ್ನು ಕರೆದೊಯ್ಯಲು ಮಗನ ಕಾರಿನಲ್ಲಿ ಬಂದು ಠಾಣೆಯ ಹೊರಗೆ ಕಾಯುತ್ತಿದ್ದಾನೆ. ಆದ್ದರಿಂದ ನನ್ನನ್ನು ಬೇಗ ಕಳುಹಿಸಿಕೊಡಬೇಕಾಗಿ ಕೋರುತ್ತೇನೆ.

ನಾನು ಹೇಳಿದ್ದನ್ನು ಹೇಳಿದಂತೆಯೇ ಬರೆದು, ನನಗೆ ಓದಿ ಹೇಳಿದ್ದಾರೆ. ಕೇಳಿದೆ. ಎಲ್ಲವೂ ನಿಜವಿರುತ್ತದೆ.

ಸ್ಥಳ: ಸೊರಬ
ದಿನಾಂಕ: 22-04-2025

(ಸಹಿ) ಗುತ್ಯಮ್ಮ