ಬಾವಿಕಟ್ಟೆಯ ನುರುಬೆ

ದೀಪ ಆರಿಸಬೇಡಿ, ಇರಲಿ. ಇದು ಯಾರೋ ಎಲ್ಲೋ ಹೇಳಿದ್ದಲ್ಲ. ನಮ್ಮ ಗೋಡೆಗೆ ಗೋಡೆ ತಾಗಿದ ಮನೆಯ ಚಿಜುರುವಿಗೆ ಆದದ್ದು. ಅವಳು ಇವತ್ತಿಗೂ ಇದೇ ಬಂದರಿನ ಊರಲ್ಲಿದ್ದಾಳೆ. ಹೋಗಿ ಕೇಳಿದರೆ ಬಾಯಿ ಬಿಡುವುದಿಲ್ಲ ಅಷ್ಟೆ. ನನಗೆ ಹೇಳಿದ್ದೂ ಒಂದೇ ಸಲ...

ಚಿಜುರು ಆಗ ಮೀನು ರುಬ್ಬಿ ವಡೆ ಕರಿಯುವ ಕಾರ್ಖಾನೆಯಲ್ಲಿ ಕೆಲಸಕ್ಕಿದ್ದಳು. ಪಾಳಿ ಮುಗಿದು ರಾತ್ರಿ ಮನೆಗೆ ಹೊರಟಾಗ ಬೀದಿಯಲ್ಲಿ ನರಪಿಳ್ಳೆ ಇರುತ್ತಿರಲಿಲ್ಲ. ಮುಚ್ಚಿಹೋದ ಸಾರ್ವಜನಿಕ ಸ್ನಾನದ ಮನೆ ಗೊತ್ತಲ್ಲ, ಅದರ ಹಿಂದಿನ ಓಣಿ. ಅಲ್ಲೊಂದು ದೊಡ್ಡ ಕರ್ಪೂರದ ಮರ, ಮರದ ಬುಡದಲ್ಲಿ ಪಾಳು ಬಾವಿ. ಬಾವಿಗೆ ತಗಡಿನ ಮುಚ್ಚಳ, ಅದರ ಮೇಲೊಂದು ಕಲ್ಲು. ಇಡೀ ಓಣಿಗೆ ಇದ್ದದ್ದು ಒಂದೇ ದೀಪದ ಕಂಬ. ಅವಳ ರಬ್ಬರ್ ಬೂಟು ಪಚಕ್... ಪಚಕ್... ಅನ್ನುವುದು ಬಿಟ್ಟರೆ ಬೇರೆ ಸದ್ದಿಲ್ಲ.

ಅವಳು ನೇರ ಮನೆಗೆ ಹೋಗುತ್ತಿರಲಿಲ್ಲ. ಆ ಕಂಬದ ಕೆಳಗೆ ಬಾವಿಕಟ್ಟೆಯ ಮೇಲೆ ಕೂತು ಚೀಲದಿಂದ ಆಟದ ಡಬ್ಬಿ ತೆಗೆಯುತ್ತಿದ್ದಳು.

ಆಗೆಲ್ಲ ಆ ಹುಚ್ಚು ಇಡೀ ಊರಿಗೇ ಹಿಡಿದಿತ್ತು. ಅಂಗೈಯಗಲದ ಡಬ್ಬಿ, ಅದರ ಪರದೆಯೊಳಗೆ ಕಾಡು, ಜೌಗು, ಗುಹೆ. ಹುಲ್ಲಲ್ಲಿ ನಡೆದರೆ ವಿಚಿತ್ರ ಪ್ರಾಣಿಗಳು ಎದುರಾಗುತ್ತವೆ. ಮಡಕೆ ಎಸೆದು ಹಿಡಿಯಬೇಕು. ಪ್ರಾಣಿ ಮಡಕೆಯೊಳಗೆ ಹೋದರೆ ಮುಚ್ಚಳ ಅಲ್ಲಾಡುತ್ತದೆ... ಕಟಕ್. ಇನ್ನೊಂದು ಸಲ... ಕಟಕ್. ಮೂರನೆಯದಕ್ಕೂ ಮುಚ್ಚಳ ಹಾರದೆ ನಿಂತರೆ ಅದು ನಿಮ್ಮದು. ಹಾರಿತೋ, ಮಡಕೆ ಚೂರು, ಪ್ರಾಣಿ ಪರಾರಿ.

ಎಲ್ಲದರಲ್ಲೂ ಕಷ್ಟದ್ದು ನುರುಬೆ. ಕಣ್ಣಿಲ್ಲದ, ಲೋಳೆ ಮೈಯ ಒಂದು ಜಂತು. ಜೌಗಿನಲ್ಲಿ ಮಾತ್ರ ಇರುತ್ತದೆ. ವಾರಗಟ್ಟಲೆ ತಿರುಗಿದರೆ ಒಮ್ಮೆ ತಲೆ ಹಾಕೀತು, ಹಾಕಿದ ಕ್ಷಣವೇ ಓಡೀತು. ಹೊಡೆದರೆ ಸಾಯುತ್ತದೆ, ಹೊಡೆಯದಿದ್ದರೆ ಮಡಕೆಯಲ್ಲಿ ನಿಲ್ಲುವುದಿಲ್ಲ. ಮುಚ್ಚಳ ಅಲ್ಲಾಡುವಾಗ ಕೆಳಗಿನ ಗುಂಡಿ ಒತ್ತಿ ಹಿಡಿಯಬೇಕು ಅಂತ ಒಬ್ಬರು, ಉಸಿರು ಕಟ್ಟಬೇಕು ಅಂತ ಇನ್ನೊಬ್ಬರು. ಚಿಜುರು ಎಲ್ಲ ಮಾಡಿ ನೋಡಿದ್ದಳು. ಚಳಿಗಾಲದಲ್ಲಿ ಶುರು ಮಾಡಿದವಳಿಗೆ ಸೆಖೆ ಬಂದರೂ ಸಿಕ್ಕಿರಲಿಲ್ಲ.

ಮನೆಯಲ್ಲಿ ಕೂತು ಆಡಬಹುದಿತ್ತಲ್ಲ ಅನ್ನುತ್ತೀರಿ. ಮನೆಯಲ್ಲಿ ನೊಬುಯೆ ಇದ್ದಳು, ಚಿಜುರುವಿನ ನಾದಿನಿ. ಚಿಜುರುವಿನ ಗಂಡ ಶುನ್ಸಾಕು ಟ್ಯೂನಾ ಹಿಡಿಯುವ ಹಡಗಿನವನು. ಹೋದರೆ ತಿಂಗಳುಗಟ್ಟಲೆ ಮುಖ ಕಾಣದು. ಮನೆಯಲ್ಲಿ ಇವರಿಬ್ಬರೇ ಹೆಂಗಸರು. ನೊಬುಯೆ ಬೇಕರಿಯಲ್ಲಿ ಕೆಲಸ ಮಾಡುತ್ತಿದ್ದಳು. ನಗುಮುಖದ ಹುಡುಗಿ, ಕೆಟ್ಟವಳಲ್ಲ. ಆದರೆ ಗಲೀಜು. ಬಚ್ಚಲ ತೂತಿನಲ್ಲಿ ಅವಳ ಕೂದಲು ಉಂಡೆಯಾಗಿ ಕೂತಿರುತ್ತಿತ್ತು. ಕತ್ತರಿಸಿದ ಉಗುರು ಚಾಪೆಯ ಮೇಲೆ. ಅರ್ಧ ತಿಂದ ಉಪ್ಪಿನಕಾಯಿ ಮೂಲಂಗಿ ಮತ್ತೆ ಡಬ್ಬದೊಳಗೆ, ಹಲ್ಲಿನ ಗುರುತಿನ ಸಮೇತ. ಚಿಜುರು ಅದನ್ನೆಲ್ಲ ಮೂಗು ಮುರಿದುಕೊಂಡೇ ಬಳಿಯುತ್ತಿದ್ದಳು.

ಅಂಥವಳಿಗೆ ನುರುಬೆ ಸಿಕ್ಕಿತು! ಒಂದು ರಜೆಯ ಸಂಜೆ ಅಕ್ಕಿಯ ಹಪ್ಪಳ ಕುರುಕುತ್ತಾ, ಟಿವಿ ನೋಡುತ್ತಾ, ತನ್ನ ಡಬ್ಬಿಯಲ್ಲಿ ಎಸೆದ ಮೊದಲ ಮಡಕೆಗೇ.

"ಅತ್ತಿಗೆ, ಇದೇನಾ ನೀವು ಹುಡುಕ್ತಿದ್ದದ್ದು?"

ಚಿಜುರು ನೋಡಿದಳು. "ನಂಗೆ ಕೊಡೇ. ಬದಲಿಗೆ ಯಾವ್ದು ಬೇಕೋ ತಗೋ."

"ಅಯ್ಯೋ, ಕೊಡಲ್ಲಪ್ಪ! ನಿಮ್ಮ ಕೈಯೆಲ್ಲ ಮೀನಿನ ನಾತ ಅತ್ತಿಗೆ, ಅದಕ್ಕೇ ಓಡುತ್ತೆ ಪಾಪ."

ತಮಾಷೆಗೇ ಅಂದದ್ದು. ಆದರೆ ಚಿಜುರು ಅವತ್ತು ಕೈ ತೊಳೆದಳು, ಮತ್ತೆ ತೊಳೆದಳು. ರಾತ್ರಿ ತನ್ನ ಆಟದಲ್ಲಿದ್ದ ಒಂದು ಡೊರೊಬಿಗೆ ಹೆಸರಿಟ್ಟಳು. ಡೊರೊಬಿ ಅಂದರೆ ಕೆಸರುಹುಳ, ಹೆಜ್ಜೆಗೊಂದು ಸಿಗುವಂಥದ್ದು, ಯಾರಿಗೂ ಬೇಡದ್ದು. ಅದಕ್ಕೆ ಇಟ್ಟ ಹೆಸರು ನೊಬುಯೆ.

ಆಮೇಲೆ ಆ ರಾತ್ರಿ ಬಂತು.

ಮಳೆ ನಿಂತು ಹೋಗಿತ್ತು. ಕರ್ಪೂರದ ಎಲೆಗಳಿಂದ ತೊಟ್ಟು... ತೊಟ್ಟು... ನೀರು ತಗಡಿನ ಮೇಲೆ ಬೀಳುತ್ತಿತ್ತು. ಚಿಜುರು ಕಂಬದ ಕೆಳಗೆ ಕೂತು ಜೌಗಿನಲ್ಲಿ ತಿರುಗುತ್ತಿದ್ದಳು. ನುರುಬೆ ಬಂದೇಬಿಟ್ಟಿತು! ಮಡಕೆ ಎಸೆದಳು. ಕಟಕ್. ಕಟಕ್... ಮುಚ್ಚಳ ಹಾರಿತು.

"ಥೂ!" ಅಂದಳು.

"ಓಡಿತಾ?"

ಪಿಸುಮಾತು. ಬಾವಿಯ ಆಚೆ ಬದಿಯಿಂದ.

ಚಿಜುರು ತಲೆ ಎತ್ತಿದಳು. ದೀಪದ ಬೆಳಕು ಅಲ್ಲಿಗೆ ಮುಟ್ಟುತ್ತಿರಲಿಲ್ಲ. ಯಾರೋ ಮೊಣಕಾಲು ಮಡಚಿ ಕೂತಹಾಗೆ ಒಂದು ಆಕಾರ. ಟಿಕ್... ಟಿಕ್... ಟಿಕ್... ಆಟದ ಗುಂಡಿ ಒತ್ತುವ ಸದ್ದು. ಆಗಿನ ಡಬ್ಬಿಗಳ ಪರದೆಗೆ ತನ್ನದೇ ಬೆಳಕಿರಲಿಲ್ಲ, ನೆನಪಿದೆಯಾ? ಕತ್ತಲಲ್ಲಿ ಪರದೆ ಏನೇನೂ ಕಾಣುತ್ತಿರಲಿಲ್ಲ. ಮತ್ತೆ ಅವರು ಅಲ್ಲಿ ಕೂತು ಏನು ನೋಡುತ್ತಿದ್ದರು?

ಅದು ಆಗ ಅವಳಿಗೆ ಹೊಳೆಯಲಿಲ್ಲ. ತಲೆಯ ತುಂಬ ಕೈತಪ್ಪಿದ ನುರುಬೆಯೇ.

"ಓಡಿತು," ಅಂದಳು.

"ನನ್ನ ಹತ್ರ ಇದೆ."

"...ಕೊಡ್ತೀರಾ?"

"ಹ್ಞೂಂ."

"ಬದಲಿಗೆ ಏನು ಕೊಡ್ಬೇಕು?"

"ಬೇಡದ್ದು... ಯಾವುದಾದ್ರೂ."

ಎರಡು ಡಬ್ಬಿಗಳ ನಡುವೆ ವೈರು ಸಿಕ್ಕಿಸಿದರೆ ಪ್ರಾಣಿಗಳನ್ನು ಅದಲುಬದಲು ಮಾಡಬಹುದಿತ್ತು. ಕಟ್ಟೆಯ ಮೇಲೆ ಸರ್‍... ಅಂತ ಸದ್ದಾಯಿತು. ವೈರಿನ ತುದಿ ಅವಳ ತೊಡೆಯ ಹತ್ತಿರ ಬಂದಿತ್ತು. ಕೈಗೆತ್ತಿಕೊಂಡಳು. ದಿನವಿಡೀ ಮೀನಿನ ಕರುಳು ತೆಗೆಯುವ ಕೈ ಅದು, ಲೋಳೆಗೆಲ್ಲ ಹೇಸುವುದಿಲ್ಲ. ಆದರೆ ಕರುಳು ತಣ್ಣಗಿರುತ್ತದೆ. ಇದು ಬೆಚ್ಚಗಿತ್ತು. ಬೆರಳ ಸಂದಿಯಲ್ಲಿ ಒಂಚೂರು ಮಿಸುಕಿದಂತೆಯೂ ಆಯಿತು.

ಆದರೂ ಸಿಕ್ಕಿಸಿದಳು! ನುರುಬೆಯ ಆಸೆ ಅಷ್ಟಿತ್ತು.

ತನ್ನ ಪ್ರಾಣಿಗಳಲ್ಲಿ ಬೇಡದ್ದು ಯಾವುದು? ಯೋಚಿಸಬೇಕಾಗಿಯೇ ಇರಲಿಲ್ಲ. ಗುಂಡಿ ಒತ್ತಿದಳು. ಪರದೆಯ ಮೇಲೆ ಅಕ್ಷರ ಮೂಡಿತು: ನೊಬುಯೆ ಹೊರಟಳು.

ನುರುಬೆ ಬಂತು. ಚಿಜುರು ಖುಷಿಯಿಂದ ತಲೆ ಎತ್ತುವಷ್ಟರಲ್ಲಿ ಆಚೆ ಯಾರೂ ಇರಲಿಲ್ಲ. ವೈರೂ ಇರಲಿಲ್ಲ. ಅಂಗೈ ಮಾತ್ರ ಅಂಟಂಟು. ಮೂಸಿ ನೋಡಿದಳು. ಹಳೇ ಬಚ್ಚಲ ಮೋರಿಯ ವಾಸನೆ. ಅಲ್ಲೇ ಬಗ್ಗಿ ವಾಂತಿ ಮಾಡಿದಳು.

ಬೆಳಿಗ್ಗೆ ನೊಬುಯೆ ಅಡುಗೆಮನೆಯಲ್ಲಿ ಕೂತಿದ್ದಳು. ಸುಮ್ಮನೆ. ಕೂದಲಿಂದ ನೀರು ಇಳಿಯುತ್ತಿತ್ತು. ಅವಳ ಹಾಸಿಗೆಯಿಂದ ಅಡುಗೆಮನೆಯವರೆಗೆ ಚಾಪೆಯ ಮೇಲೆ ಒಂದು ಹೊಳಪಿನ ಗೆರೆ, ಬಸವನಹುಳ ಹೋದ ಹಾಗೆ.

"ಏನೇ ಇದು? ಕೆಲಸಕ್ಕೆ ಹೋಗಲ್ವಾ?"

ಅನ್ನ ಬಡಿಸಿಟ್ಟರೆ ನೊಬುಯೆ ಬಟ್ಟಲನ್ನು ದೂರ ತಳ್ಳಿದಳು. ಮುಟ್ಟಿದರೆ ಮೈ ಜಾರುತ್ತಿತ್ತು. ಡಾಕ್ಟರು ಬಂದು ಸೆಖೆಗೆ ಹೀಗಾಗುತ್ತೆ, ಮಲಗಲಿ ಅಂದರು. ಹೋಗುವಾಗ ಅವರೂ ತಮ್ಮ ಕೈಯನ್ನು ಕರವಸ್ತ್ರದಲ್ಲಿ ಒರೆಸಿದರು... ಒರೆಸುತ್ತಲೇ ಹೋದರು.

ಆ ರಾತ್ರಿ ಚಿಜುರುವಿಗೆ ಎಚ್ಚರವಾಯಿತು. ಪಕ್ಕದ ಹಾಸಿಗೆ ಖಾಲಿ. ಬಚ್ಚಲಿಂದ ಸದ್ದು. ಸುರ್‍ಪ್... ಸುರ್‍ಪ್... ಬಿಸಿ ಸಾರು ಹೀರುವ ಹಾಗೆ.

ಬಾಗಿಲು ಸರಿಸಿದಳು.

ನೊಬುಯೆ ಬಚ್ಚಲ ನೆಲದ ಮೇಲೆ ಬೋರಲು ಬಿದ್ದಿದ್ದಳು. ಕೆನ್ನೆ ನೀರು ಹೋಗುವ ತೂತಿಗೆ ಒತ್ತಿತ್ತು. ನಾಲಿಗೆ ಆ ತೂತಿನೊಳಗೆ ಇಳಿದಿತ್ತು, ಉದ್ದಕ್ಕೆ, ನಾಲಿಗೆ ಇರಬೇಕಾದ್ದಕ್ಕಿಂತ ಉದ್ದಕ್ಕೆ. ಕೂದಲ ಉಂಡೆ ಒಂದೊಂದೇ ಎಳೆಯಾಗಿ ಬಾಯೊಳಗೆ ಹೋಗುತ್ತಿತ್ತು.

ಚಿಜುರು ಬಾಯಿ ಮುಚ್ಚಿಕೊಂಡಳು. ಓಡಿಹೋಗಬೇಕು ಅನ್ನಿಸಿತು. ಆಗ ಆ ತೂತಿನ ಒಳಗಿಂದ, ನೊಬುಯೆಯ ಬಾಯಿಂದಲ್ಲ, ತೂತಿನ ಒಳಗಿಂದ, ತೀರಾ ಕೆಳಗಿಂದ, ಒಂದು ಸಣ್ಣ ದನಿ ಬಂತು.

"ಅತ್ತಿಗೆ... ಇಲ್ಲಿ ಕತ್ತಲು... ಮುಚ್ಚಳ ತೆಗೀರಿ..."

ಚಿಜುರುವಿಗೆ ಹೊಳೆಯಿತು. ನೆಲದ ಮೇಲೆ ಬಿದ್ದಿದ್ದು ತಾನು ಬೇಡಿ ತಂದ ನುರುಬೆ. ಕೊಟ್ಟು ಬಂದದ್ದು ಬಾವಿಯಲ್ಲಿದೆ. ನೊಬುಯೆಯ ಕೂದಲು ನೋಡಿ ಮೂಗು ಮುರಿಯುತ್ತಿದ್ದವಳಿಗೆ ಆಗ ತನ್ನ ಮೈಯೇ ಹೇಸಿಗೆ ಅನ್ನಿಸಿತಂತೆ. ಚರ್ಮ ಸುಲಿದು ಒಗೆಯುವಂತಿದ್ದರೆ ಒಗೆಯುತ್ತಿದ್ದೆ ಅಂದಳು ನನ್ನ ಹತ್ತಿರ.

ಡಬ್ಬಿ ಹಿಡಿದು ಬರಿಗಾಲಲ್ಲಿ ಓಡಿದಳು.

ಬಾವಿಯ ಹತ್ತಿರ ಯಾರೂ ಇಲ್ಲ. "ವಾಪಸ್ ತಗೊಳ್ಳಿ!" ಅಂದಳು. "ನಿಮ್ಮದು ನೀವೇ ತಗೊಳ್ಳಿ, ನಂದು ಕೊಡಿ!"

ತಗಡಿನ ಕೆಳಗಿಂದ ಒಂದೇ ಒಂದು ಪಿಸುಮಾತು.

"ಹಿಡಿ."

ಕಲ್ಲು ಉರುಳಿಸಿ ಮುಚ್ಚಳ ಎಳೆದು ನೋಡಿದಳು. ಬೆಸುಗೆ ಹಾಕಿದ ಹಾಗೆ ಕೂತಿತ್ತು, ಅಲುಗಲಿಲ್ಲ. ಕೊನೆಗೆ ಕಂಬದ ಕೆಳಗೆ ಕೂತು ಡಬ್ಬಿ ಹಚ್ಚಿದಳು. ಜೌಗಿಗೆ ಇಳಿದಳು. ಹಿಡಿಯಬೇಕಾದದ್ದು ನುರುಬೆಯಲ್ಲ, ಡೊರೊಬಿ. ಹೆಜ್ಜೆಗೊಂದು ಸಿಗುತ್ತಿದ್ದ ಹುಳ.

ಇಲ್ಲ.

ನಡೆದಳು, ನಡೆದಳು. ಏನೇನೋ ಬಂದವು. ನುರುಬೆಗಳೇ ಬಂದವು, ಒಂದರ ಹಿಂದೆ ಒಂದು! ಅಷ್ಟು ದಿನ ಕಾಯಿಸಿದವು ಓಡದೆ ನಿಂತುಕೊಂಡು, ಕಣ್ಣಿಲ್ಲದ ಮುಖ ಅವಳ ಕಡೆ ತಿರುಗಿಸಿಕೊಂಡು. ಅವಳೇ ಅವುಗಳಿಂದ ಓಡಿದಳು. ಡೊರೊಬಿ ಮಾತ್ರ ಎಲ್ಲೂ ಇಲ್ಲ. ಬ್ಯಾಟರಿಯ ಕೆಂಪು ದೀಪ ಮಂಕಾಗತೊಡಗಿತು.

ಆಮೇಲೆ ಹುಲ್ಲು ಅಲ್ಲಾಡಿತು. ಒಂದು ಸಣ್ಣ ಕೆಸರುಹುಳ, ಮುದುಡಿಕೊಂಡಿತ್ತು. ಕಾಡಿನ ಪ್ರಾಣಿಗಳಿಗೆ ಯಾರೂ ಇಟ್ಟ ಹೆಸರಿರುವುದಿಲ್ಲ. ಇದಕ್ಕಿತ್ತು.

ಚಿಜುರು ಮಡಕೆ ಎಸೆದಳು. ಕಟಕ್... ಅದೇ ಗಳಿಗೆ ಬೆನ್ನ ಹಿಂದೆ ಬಾವಿಯ ತಗಡು ಡಬ್! ಅಂದಿತು, ಕೆಳಗಿಂದ ಯಾರೋ ತಲೆ ಗುದ್ದಿದ ಹಾಗೆ. ಮಡಕೆ ಒಡೆಯಿತು.

ಇನ್ನೊಂದು ಎಸೆದಳು. ಕೆಳಗಿನ ಗುಂಡಿ ಒತ್ತಿ ಹಿಡಿದಳು, ಉಸಿರು ಕಟ್ಟಿದಳು. ಕಟಕ್... ಡಬ್. ಕಟಕ್... ಡಬ್. ಮತ್ತೆ ಒಡೆಯಿತು.

ಉಳಿದದ್ದು ಒಂದೇ ಮಡಕೆ. ಎಸೆದಳು. ಡಬ್ಬಿಯನ್ನು ನೆಲದ ಮೇಲಿಟ್ಟಳು. ಯಾವ ಗುಂಡಿಯನ್ನೂ ಮುಟ್ಟಲಿಲ್ಲ. ಬಾವಿಯ ತಗಡಿಗೆ ಬಾಯಿ ಹಚ್ಚಿದಳು. ತುಕ್ಕು, ಪಾಚಿ, ಲೋಳೆ ಎಲ್ಲ ತುಟಿಗೆ ತಾಗಿತು. ಒರೆಸಿಕೊಳ್ಳಲಿಲ್ಲ.

"ನೊಬುಯೆ," ಅಂದಳು. "ಬಾರೇ ಮನೆಗೆ. ಕೂದಲು ಎಲ್ಲಿ ಬೇಕಾದ್ರೂ ಬಿಸಾಕು. ಉಗುರು ನಾನೇ ಗುಡಿಸ್ತೀನಿ. ಬಾರೇ..."

ಕಟಕ್... ಡಬ್.

ಕಟಕ್... ಡಬ್.

ಕಟಕ್...

ಬಾವಿಯಲ್ಲಿ ಸದ್ದು ನಿಂತಿತು. ತಿರುಗಿ ನೋಡಿದರೆ ಪರದೆಯ ಮೇಲೆ ಮಡಕೆ ಮುಚ್ಚಿಕೊಂಡೇ ಇತ್ತು. ಅಷ್ಟರಲ್ಲಿ ಬ್ಯಾಟರಿ ಹೋಯಿತು.

ಮನೆಗೆ ಬಂದಾಗ ಅಡುಗೆಮನೆಯಲ್ಲಿ ದೀಪ ಉರಿಯುತ್ತಿತ್ತು. ನೊಬುಯೆ ತಣ್ಣನ್ನಕ್ಕೆ ಹಸಿ ಮೊಟ್ಟೆ ಒಡೆದು ಹಾಕಿಕೊಂಡು ಗಬಗಬ ತಿನ್ನುತ್ತಿದ್ದಳು. ಮೂಗು ಮುಚ್ಚಿಕೊಂಡು ಅಂದಳು:

"ಎಲ್ಲಿ ಹೋಗಿದ್ರಿ ಅತ್ತಿಗೆ? ಅಯ್ಯಪ್ಪಾ, ಏನು ನಾತ ನಿಮ್ಮ ಮೈ!"

ಚಿಜುರು ಅಲ್ಲೇ ಕೂತು ಗಟ್ಟಿಯಾಗಿ ಅತ್ತಳು. ಅಳು ನಮ್ಮ ಮನೆಗೂ ಕೇಳಿಸಿತು. ಗಂಡನ ಹಡಗಿಗೇನಾದರೂ ಆಯಿತೋ ಅಂತ ನಾನು ಎದ್ದು ಬಂದೆ. ಆ ರಾತ್ರಿಯೇ ಅವಳು ಇದನ್ನೆಲ್ಲ ನನಗೆ ಹೇಳಿದ್ದು. ನಾನೂ ನಿಮ್ಮ ಹಾಗೇ ನಂಬಲಿಲ್ಲ. ಮೀನಿನ ಕಾರ್ಖಾನೆ, ನಿದ್ದೆಗೇಡು, ಸೆಖೆ, ಏನೋ ಕಂಡಿರಬೇಕು ಅಂದುಕೊಂಡೆ.

ಬಾವಿಗೆ ಆಮೇಲೆ ಊರಿನವರು ಮಣ್ಣು ತುಂಬಿದರು. ನೊಬುಯೆಗೆ ಆ ದಿನದ ನೆನಪೇ ಇಲ್ಲ. ಇಬ್ಬರೂ ಅಕ್ಕತಂಗಿಯರ ಹಾಗಾದರು. ಚಿಜುರು ಅವಳಿಗೆ ಒಂದು ಮಾತು ಗಟ್ಟಿಯಾಗಿ ಅಂದದ್ದನ್ನು ನಾನು ಮತ್ತೆ ಕೇಳಿಲ್ಲ.

ಎಲೆ ಉದುರುವ ಕಾಲದಲ್ಲಿ ನಾವು ಮೂವರು ಹೆಂಗಸರೂ ಬೆಟ್ಟದ ಬಿಸಿನೀರ ಬುಗ್ಗೆಗೆ ಹೋದೆವು. ಅದೇ ಬೇಸಿಗೆಯ ಮೊದಲಲ್ಲಿ, ಇದೆಲ್ಲ ಆಗುವ ಮುಂಚೆ, ನೊಬುಯೆ ನನ್ನ ಜೊತೆ ಕಡಲಿಗೆ ಈಜಲು ಬಂದಿದ್ದವಳು, ಎರಡು ತುಂಡಿನ ಉಡುಪಿನಲ್ಲಿ. ಅವಳ ಮೈ ನಾನು ನೋಡದ್ದೇನಲ್ಲ. ಬುಗ್ಗೆಯ ಪಕ್ಕ ಬಟ್ಟೆ ಕಳಚಿ ಸಣ್ಣ ಮಣೆಯ ಮೇಲೆ ಕೂತು ಮೂವರೂ ಮೈ ತಿಕ್ಕಿಕೊಳ್ಳುತ್ತಿದ್ದೆವು. ಚಿಜುರು ಅವಳ ಬೆನ್ನಿಗೆ ಸೋಪು ಹಚ್ಚುತ್ತಿದ್ದಳು, ಮುಖ ಬೇರೆ ಕಡೆ ತಿರುಗಿಸಿಕೊಂಡು. ನೊಬುಯೆ ನಗುತ್ತಾ ನನ್ನ ಕಡೆ ತಿರುಗಿ ಮೈಮೇಲೆ ನೀರು ಸುರಿದುಕೊಂಡಳು. ನೊರೆ ಇಳಿದುಹೋಯಿತು.

ಹೊಟ್ಟೆ ನುಣ್ಣಗಿತ್ತು. ಎದೆಯಿಂದ ತೊಡೆಯವರೆಗೆ ಒಂದೇ ಸಮ.

ಹೊಕ್ಕುಳಿರಲಿಲ್ಲ.

ನಾನು ನೋಡಿದ್ದೀನಿ, ಇದೇ ಕಣ್ಣಲ್ಲಿ. ಇಷ್ಟು ಹತ್ತಿರದಿಂದ.